ಅಡುಗೆಮನೆ ಬಾಗಿಲ ಹಿಂದಿನ ಗೋಡೆ

ಮಂಗಳವಾರ, ಮಾರ್ಚ್ ೧೧

ಪ್ರೀತಿಯ ಅಪ್ಪನಿಗೆ,

ನಿಮ್ಮ ಸೂಜಿ ಮಾಡುವ ನಮಸ್ಕಾರಗಳು. ಹಾಸ್ಟೆಲ್‌ನಲ್ಲಿ ಭಾನುವಾರದ ಪತ್ರವನ್ನು ಹೀಗೇ ಶುರು ಮಾಡಿಸುತ್ತಿದ್ದರು, ಕೈ ತಾನಾಗಿ ಬರೆದುಬಿಡ್ತು. "ಬೆಟ್ಟದ ಮೇಲೆ ಫೋನ್ ಸಿಗಲ್ಲ, ಸಾಮಾನು ತರುವ ವ್ಯಾನ್‌ನಲ್ಲಿ ಒಂದು ಚೀಟಿಯಾದರೂ ಕಳಿಸು" ಅಂತ ಸೆಟ್ ಕಟ್ಟೋಕೆ ಹೊರಡುವಾಗ ಹೇಳಿದ್ದಿರಿ. ಭಾನುವಾರ ವ್ಯಾನ್ ಬಂದು ಹೋಯ್ತು, ನಾನು ಬರೆಯಲಿಲ್ಲ. ಟೈಮ್ ಇರಲಿಲ್ಲ ಅಂದರೆ ಸುಳ್ಳಾಗುತ್ತೆ. ಟೈಮ್ ಇತ್ತು, ಧೈರ್ಯ ಇರಲಿಲ್ಲ. ಸಾರಿ ಅಪ್ಪ.

ನಾನು ಚೆನ್ನಾಗಿದ್ದೇನೆ. ಕೆಮ್ಮು ಹೋಯ್ತು. ನಿಮ್ಮ ಮಂಡಿ ಹೇಗಿದೆ? ಅಲ್ಲಿ ತುಂಬಾ ಚಳಿ ಅಂತ ಡ್ರೈವರ್ ಹೇಳಿದರು. ಮಂಡಿಗೆ ಪಟ್ಟಿ ಕಟ್ಟಿಕೊಳ್ಳಿ. ಸೆಟ್ಟಿಗೆ ಪ್ಲಾಸ್ಟರ್ ಹಾಕೋ ಕೈ ಸ್ವಂತ ಕಾಲಿಗೆ ಬಟ್ಟೆ ಸುತ್ತಲ್ಲ ಅಂತ ಪೇಂಟರ್ ಮಾಮ ನಿಮ್ಮನ್ನು ಇಲ್ಲೂ ಬೈಯುತ್ತಿದ್ದಾರೆ.

ಈಗ ವಿಷಯ. ಶೂಟಿಂಗ್‌ಗೆ ತಗೊಂಡ ಸರ್ವೇಯರ್ ಸರ್ ಮನೆಯಲ್ಲಿ ನಾನು ಒಂದು ತಪ್ಪು ಮಾಡಿದ್ದೇನೆ. ದೊಡ್ಡದು. ನಿಮಗೆ ಗೊತ್ತಿರುವುದನ್ನೇ ಮತ್ತೆ ಹೇಳ್ತಾ ಇದ್ದೀನಿ ಅನಿಸಿದರೆ ಬೈಕೋಬೇಡಿ. ಮೊದಲಿನಿಂದ ಬರೆಯದಿದ್ದರೆ ಎಲ್ಲಿ ತಪ್ಪಿದೆ ಅಂತ ನನಗೇ ತಿಳಿಯೋದಿಲ್ಲ.

ಮೊದಲ ದಿನ ನೀವು ನನ್ನ ಕೈಗೆ ಕ್ಯಾಮೆರಾ ಕೊಟ್ಟು ಹೇಳಿದ್ದು ಇಷ್ಟು: "ನಾವು ಒಂದು ಮೊಳೆ ಹೊಡೆಯೋ ಮುಂಚೆ ಇಡೀ ಮನೆಯ ಫೋಟೋ ಆಗಬೇಕು. ಪ್ರತಿ ಕೋಣೆಯಲ್ಲೂ ಎಡಗಡೆಯಿಂದ ಶುರು ಮಾಡಿ ಸುತ್ತು. ಬಾಗಿಲು ತೆರೆದು ಒಂದು, ಹಾಕಿ ಒಂದು. ವಾಪಸ್ ಕೊಡುವಾಗ ಆ ಫೋಟೋನೇ ನಮಗೆ ದಿಕ್ಕು." ನಾನು ಹಾಗೇ ಮಾಡಿದೆ. ಹಾಲ್, ಎರಡು ರೂಮು, ಪಡಸಾಲೆ, ಬಚ್ಚಲು. ಅಡುಗೆಮನೆಗೆ ಬಂದಾಗ ಸೆಮಿಸ್ಟರ್ ರಿಸಲ್ಟ್ ಬಂತು ಅಂತ ಫೋನ್ ಮೇಲೆ ಫೋನ್. ಡ್ರಾಯಿಂಗ್‌ನಲ್ಲಿ ಪಾಸಾಗಿದ್ದೀನೋ ಇಲ್ವೋ ಅಂತ ಫೋನನ್ನೇ ನೋಡ್ತಿದ್ದೆ. ಬಾಗಿಲು ತೆರೆದಿದ್ದ ಫೋಟೋ ತೆಗೆದೆ. ಹಾಕಿ ತೆಗೆಯಲಿಲ್ಲ. ಇಷ್ಟೇ ಅಪ್ಪ, ಒಂದು ಫೋಟೋ.

ಗುರುವಾರ ಈ ತಿಂಗಳ ಶೂಟಿಂಗ್ ಮುಗೀತು. ಶುಕ್ರವಾರದಿಂದ ನಾನೂ ಮಾಮನೂ ಮನೆಯನ್ನು ಮೊದಲಿನಂತೆ ಮಾಡೋಕೆ ಕೂತೆವು. ಕಥೆಯ ಮನೆಗಾಗಿ ಮಾಮ ಗೋಡೆಗಳ ಮೇಲೆ ಎಷ್ಟು ಚೆನ್ನಾಗಿ ಬದುಕು ಬರೆದಿದ್ದರು ಅಂದರೆ, ಸ್ವಿಚ್ ಪಕ್ಕದ ಕೈಕೊಳೆ, ಫೋನ್ ಹತ್ತಿರ ಗೀಚಿದ ನಂಬರ್‌ಗಳು, ಮಕ್ಕಳ ಗೀಟು, ಎಲ್ಲವನ್ನೂ ಒದ್ದೆ ಸ್ಪಂಜಿನಲ್ಲಿ ಒರೆಸುವಾಗ ನನಗೇ ಹೊಟ್ಟೆ ಉರೀತು. ಫೋಟೋದಲ್ಲಿ ಇದ್ದದ್ದು ಇರಬೇಕು, ಇಲ್ಲದ್ದು ಹೋಗಬೇಕು. ಶನಿವಾರ ಅಡುಗೆಮನೆ ಬಾಗಿಲು ಎಳೆದು ಹಿಂದೆ ನೋಡಿದೆ. ಗೋಡೆ ಮೇಲೆ ಪೆನ್ಸಿಲ್‌ನಲ್ಲಿ ಹತ್ತು ಹನ್ನೆರಡು ಸಾಲು. ಫೋಟೋದಲ್ಲಿ ಅದು ಇಲ್ಲ. ಅಂದರೆ ನಮ್ಮದು. ನೀರಿಗೆ ಬಿಡಲಿಲ್ಲ. ಮಾಮನ ಬರಹ ನೀರಿಗೇ ಬಿಡಬೇಕಲ್ಲ ಅಂತ ನನಗೆ ಅಲ್ಲೇ ತಲೆಗೆ ಹೋಗಬೇಕಿತ್ತು. ಹೋಗಲಿಲ್ಲ. ರಬ್ಬರ್ ತಂದು, ಸೋಪಿನ ನೀರು ತಂದು, ಒಂದು ಗಂಟೆ ಕೂತು ನೀಟಾಗಿ ಅಳಿಸಿದೆ. ಅಳಿಸುತ್ತಾ ಓದಿದೆ. ಓದುತ್ತಾ ನಕ್ಕೆ ಕೂಡ.

ಟೀ ಕುಡಿಯುವಾಗ ಹೇಳಿದೆ, "ಮಾಮ, ಬಾಗಿಲ ಹಿಂದೆ ಬರೆದದ್ದು ಸೂಪರ್. ‘ನಿಮ್ಮ ತಂಗಿಗೆ ಬರಬೇಡ ಅನ್ನಿ’ ಅನ್ನೋದಂತೂ ಟಾಪ್."

ಮಾಮ ಲೋಟ ಕೆಳಗಿಟ್ಟರು. "ಯಾವ ಬಾಗಿಲು?"

"ಅಡುಗೆಮನೆದು."

"ಅಲ್ಲಿ ಕ್ಯಾಮೆರಾನೇ ಇಟ್ಟಿಲ್ಲವಲ್ಲ ಸೂಜಿ. ಕಾಣದ ಗೋಡೆಗೆ ನಾನ್ಯಾಕೆ ಬರೀಲಿ?"

ಆಮೇಲೆ ಅವರು ಎದ್ದು ಹೋಗಿ ಗೋಡೆ ನೋಡಿ ಬಂದರು. ಬಂದು ಕೂತು ಹೇಳಿದರು. ಸರ್ವೇಯರ್ ಸರ್ ಹೆಂಡತಿಗೆ ಕೊನೆಯ ಎರಡು ವರ್ಷ ಗಂಟಲು ಆಪರೇಷನ್ ಆಗಿ ಮಾತು ಹೋಗಿತ್ತಂತೆ. ಮನೆ ತೋರಿಸುವಾಗ ಸರ್ ಮಾಮನಿಗೆ ಅಷ್ಟು ಮಾತ್ರ ಹೇಳಿದ್ದರಂತೆ. ಸ್ಲೇಟು ಮಲಗುವ ಕೋಣೆಯಲ್ಲಿ ಇರುತ್ತಿತ್ತು. ಅಡುಗೆಮನೆಯಲ್ಲಿ ಏನಾದರೂ ಹೇಳಬೇಕಾದರೆ, ಸಾಮಾನಿನ ಪಟ್ಟಿಗೆ ಅಂತ ಮೊಳೆಗೆ ದಾರದಲ್ಲಿ ಕಟ್ಟಿಟ್ಟ ಪೆನ್ಸಿಲ್ ಇತ್ತಲ್ಲ, ಅದರಲ್ಲೇ ಬಾಗಿಲ ಹಿಂದಿನ ಗೋಡೆಗೆ ಬರೀತಿದ್ದಿರಬೇಕು ಅಂದರು ಮಾಮ. ಆ ಮೊಳೆ ಇನ್ನೂ ಇದೆ. ದಾರವೂ ಇದೆ.

ಅಪ್ಪ, ನಾನು ಒಬ್ಬರ ಮಾತನ್ನೆಲ್ಲ ಅಳಿಸಿಬಿಟ್ಟೆ.

ಸರ್ವೇಯರ್ ಸರ್ ತಮ್ಮ ತಂಗಿ ಮನೆಯಿಂದ ಬರುವುದು ಶನಿವಾರ ಬೆಳಗ್ಗೆ ಹತ್ತಕ್ಕೆ. ಪ್ರೊಡಕ್ಷನ್ ಮ್ಯಾನೇಜರ್‌ಗೆ ಹೇಳಲೇಬೇಕಾಯ್ತು. ಅವರು ಕೂಗಾಡಲಿಲ್ಲ, ಅದೇ ಭಯ. "ಮೇಡಂ, ಮುಂದಿನ ತಿಂಗಳು ಇದೇ ಅಡುಗೆಮನೆ, ಇದೇ ಹಾಲ್‌ನಲ್ಲಿ ಇನ್ನೂ ಆರು ಸೀನ್ ಬಾಕಿ ಇದೆ. ಮುದುಕರು ಬೇಡ ಅಂದರೆ ನಿಮ್ಮ ತಂದೆ ಎರಡು ವಾರದಲ್ಲಿ ಸ್ಟುಡಿಯೋ ಫ್ಲೋರ್‌ನಲ್ಲಿ ಇಡೀ ಮನೆ ಕಟ್ಟಬೇಕು. ಮಂಡಿ ನೋವಿನವರು. ಬಾಯಿಗೆ ಬೀಗ ಹಾಕ್ಕೊಂಡು ಕೂತ್ಕೊಳ್ಳಿ" ಅಂದರು.

ಮಾಮ ಹೇಳ್ತಾರೆ, ತಿರುಗಿ ಬರೆಯಬಹುದು ಅಂತ. ಆ ಅಮ್ಮನವರ ಅಕ್ಷರ ಅಡುಗೆಮನೆ ಡಬ್ಬಿಗಳ ಮೇಲೆ ಇದೆ. ಸಕ್ಕರೆ, ಉಪ್ಪು, ಟೀ ಪುಡಿ. ಒಂದು ಡಬ್ಬಿ ಮೇಲೆ ‘ಇದರಲ್ಲಿ ಏನೂ ಇಲ್ಲ, ಸುಮ್ಮನೆ ತೆಗೆದು ನೋಡಬೇಡಿ’ ಅಂತ ಇದೆ. ಸಾಲುಗಳು ನನಗೆ ಒಂಬತ್ತು ನೆನಪಿವೆ. ಉಳಿದದ್ದು ಎಷ್ಟು ಹಿಂಡಿದರೂ ಬರ್ತಿಲ್ಲ.

ಏನು ಮಾಡಲಿ? ನೀವು ಹೇಳಿ. ಆ ಮನುಷ್ಯ ಯಾರಿಗೂ ಮನೆ ಕೊಡದವರು, ನಿಮ್ಮ ಮಾತಿನ ಮೇಲೆ ಬೀಗದ ಕೈ ಕೊಟ್ಟರು. ನನಗೆ ನಿಜ ಹೇಳಿಬಿಡಬೇಕು ಅನ್ನಿಸ್ತಿದೆ. ಹೇಳೋಕೆ ಭಯವೂ ಇದೆ. ಗುರುವಾರದ ವ್ಯಾನ್‌ನಲ್ಲಿ ಉತ್ತರ ಕಳಿಸಿ, ಪ್ಲೀಸ್.

ನಿಮ್ಮ
ಸೂಜಿ


ಗುರುವಾರ, ಮಾರ್ಚ್ ೧೩

ಪ್ರೀತಿಯ ಅಪ್ಪ,

ನಿಮ್ಮ ಉತ್ತರ ಬಂತು. ಗುಡಿಸಲಿನ ಸ್ಕೆಚ್‌ನ ಬೆನ್ನಿಗೆ ಬರೆದಿದ್ದೀರಿ. ‘ಗಾಬರಿ ಆಗಬೇಡ. ಪೇಂಟರ್‌ಗೆ ಬಿಡು, ಅವನು ಮಾಡ್ತಾನೆ. ನೀನು ಏನೂ ಹೇಳಬೇಡ. ಹೊಟ್ಟೆ ತುಂಬಾ ತಿನ್ನು.’ ನಾಲ್ಕು ವಾಕ್ಯ. ಬೈದಿಲ್ಲ. ಥ್ಯಾಂಕ್ಸ್. ಆದರೆ ನೀವು ಬೈದಿದ್ದರೆ ಚೆನ್ನಾಗಿತ್ತು ಅಂತ ಎರಡು ಸಲ ಅನ್ನಿಸಿತು.

ಸ್ಕೆಚ್ ಹಾಳಾಗದ ಹಾಗೆ ಪುಸ್ತಕದಲ್ಲಿಟ್ಟಿದ್ದೇನೆ. ಗುಡಿಸಲಿನ ಮೂಲೆಯಲ್ಲಿ ಮುರಿದ ಕುರ್ಚಿ ಯಾಕೆ ಅಂತ ಮಾಮನನ್ನು ಕೇಳಿದೆ. "ನಿಮ್ಮಪ್ಪ ಯಾವ ಮನೆ ಬರೆದರೂ ರಿಪೇರಿಗೆ ಕಾಯೋ ಒಂದು ಸಾಮಾನು ಇಟ್ಟೇ ಇಡ್ತಾನೆ. ರಿಪೇರಿ ಬಾಕಿ ಇಲ್ಲದ ಮನೆಯಲ್ಲಿ ಯಾರೂ ಇರಲ್ಲ ಅಂತಾನೆ" ಅಂದರು. ನಿಮ್ಮ ಬಗ್ಗೆ ಮಾಮ ಹೇಳುವಷ್ಟು ನೀವು ನನಗೆ ಯಾವತ್ತೂ ಹೇಳಿಲ್ಲ. ನೀವು ಮೊದಲು ಅಂಗಡಿ ಬೋರ್ಡ್ ಬರೀತಿದ್ದದ್ದು, ಇಬ್ಬರೂ ಒಂದೇ ಏಣಿಯ ಎರಡು ಕಡೆ ನಿಂತು. ಆಮೇಲೆ ಟೀವಿ ಸೀರಿಯಲ್. ಒಂದೇ ಮೆಟ್ಟಿಲಿಗೆ ಬಣ್ಣ ಬದಲಾಯಿಸಿ ಐದು ಮನೆಗೆ ಹತ್ತಿಸಿದ್ದು, ಒಂದೇ ಸೋಫಾ ಮೇಲೆ ಮೂರು ಸಂಸಾರ ಜಗಳ ಆಡಿದ್ದು. ಮೊದಲ ಸಿನಿಮಾದಲ್ಲಿ ನೀವು ಕಟ್ಟಿದ ಆಸ್ಪತ್ರೆ ಕಾರಿಡಾರ್‌ಗೆ ಹೊರಗಿನ ಯಾರೋ ಹೆಂಗಸು ಬಂದು ನಿಜವಾಗಿ ಚೀಟಿ ಹಿಡಿದು ಕೂತಿದ್ದರಂತೆ. ಲೈಟ್ ಬಾಯ್ ಬಂದು ಗೋಡೆ ಎತ್ತಿಕೊಂಡು ಹೋಗುವವರೆಗೂ ಎದ್ದಿರಲಿಲ್ಲವಂತೆ. ಮಾಮ ಇದನ್ನು ಹೇಳಿ ನಕ್ಕರು. ನನಗೆ ಆ ಹೆಂಗಸಿಗೆ ಏನಾಗಿತ್ತು, ಆಮೇಲೆ ಎಲ್ಲಿ ಹೋದರು ಅಂತಲೇ ಯೋಚನೆ.

ಪ್ರಾಕ್ಟೀಸ್ ಶುರುವಾಗಿದೆ. ಡಬ್ಬಿಗಳನ್ನೆಲ್ಲ ಮೇಜಿನ ಮೇಲೆ ಸಾಲಾಗಿ ಇಟ್ಟುಕೊಂಡು, ಕನ್ನಡಕದ ಮೇಲೆ ಇನ್ನೊಂದು ಕನ್ನಡಕ ಹಾಕಿಕೊಂಡು ಮಾಮ ಬರೀತಾರೆ. ನಾನು ಸಾಲು ಹೇಳಬೇಕು.

"ಫ್ಯಾನ್ ಒಂದರಲ್ಲಿಡಿ."

"ಮುಂದೆ?"

"ಹಾಲು ಉಕ್ತಿದೆ."

"ಹಾಲು ಉಕ್ಕುವಾಗ ಗೋಡೆ ಮೇಲೆ ಬರೆಯೋದಾ? ಅಷ್ಟು ಹೊತ್ತಿಗೆ ಸ್ಟೋವ್ ಆರಿಹೋಗಿರುತ್ತೆ. ಒಳ್ಳೇ ಗಂಡಹೆಂಡತಿ. ಮುಂದೆ?"

"ಗಡ್ಡ ತೆಗೀರಿ. ನಿಮ್ಮ ತಂಗಿಗೆ ಬರಬೇಡ ಅನ್ನಿ. ರೇಡಿಯೋ ಸಣ್ಣಗೆ."

ಅವರು ಬರೆದರು. ಹಾಳೆಯ ಮೇಲಿನ ಅರ್ಧದಲ್ಲಿ ಅಕ್ಷರ ಮಾಮನದ್ದೇ, ಬೋರ್ಡ್ ಬರೆಯುವವರ ದಪ್ಪ ಗುಂಡಗಿನ ಕೈ. "ಮೊದಲ ಹತ್ತು ಸಾಲು ಯಾವಾಗಲೂ ಕಸ. ಕೈ ತನ್ನನ್ನು ತಾನು ಮರೀಬೇಕು" ಅಂದರು. ಆಮೇಲೆ ನಿಧಾನವಾಗಿ ಒತ್ತು ಬಲಕ್ಕೆ ವಾಲಿತು, ತಲೆಕಟ್ಟು ಚಿಕ್ಕದಾಯ್ತು. ಹಾಳೆಯ ಕೆಳಗಡೆ ‘ಸಿಟ್ಟಲ್ಲ, ನೋವು’ ಅನ್ನೋದನ್ನು ಬರೆದಾಗ ಅದು ನಾನು ಅಳಿಸಿದ ಅಕ್ಷರವೇ ಆಗಿತ್ತು. ಒಂದು ಕೂದಲಿನಷ್ಟೂ ವ್ಯತ್ಯಾಸ ಇಲ್ಲ. ನಾನು ಎದ್ದು ಹೊರಗೆ ಹೋಗಿ ನಲ್ಲಿ ಹತ್ತಿರ ಸುಮ್ಮನೆ ಕೈ ತೊಳೆಯುತ್ತಾ ನಿಂತೆ.

ಒಳಗೆ ಬಂದು, "ಮಾಮ, ಬೇಡ. ಶನಿವಾರ ಅವರಿಗೆ ನಾನೇ ಹೇಳ್ತೀನಿ, ಬರೀಬೇಡಿ" ಅಂದೆ.

"ನಿಮ್ಮಪ್ಪ ಬರಿ ಅಂದಿದ್ದಾನೆ. ಇಪ್ಪತ್ತೆಂಟು ವರ್ಷದಲ್ಲಿ ಅವನು ಮಾಡು ಅಂದದ್ದನ್ನು ನಾನು ಬಿಟ್ಟಿಲ್ಲ. ನಿನಗಾಗಿ ಈಗ ಬಿಡ್ಲಾ?"

"ಅವರಿಗೆ ಗೊತ್ತಾಗಿಬಿಟ್ಟರೆ?"

"ಗೊತ್ತಾಗಲ್ಲ." ಇದನ್ನು ಅವರು ಜಂಬದಿಂದ ಹೇಳಲಿಲ್ಲ. ನಾಳೆ ಬಿಸಿಲು ಬರುತ್ತೆ ಅನ್ನೋ ಹಾಗೆ ಹೇಳಿದರು.

ಅಪ್ಪ, ನಾಳೆ ಮಧ್ಯಾಹ್ನ ಅವರು ಗೋಡೆ ಮೇಲೆ ಬರೀತಾರೆ. ಮುಂದಿನ ವ್ಯಾನ್ ಶನಿವಾರ ಸಂಜೆ. ಅಂದರೆ ನೀವು ಬೇಡ ಅಂದರೂ ಆ ಹೊತ್ತಿಗೆ ಎಲ್ಲ ಮುಗಿದಿರುತ್ತೆ. ಆದರೂ ಕೇಳ್ತೀನಿ, ನೀವು ಬೇಡ ಅನ್ನುತ್ತಿದ್ದಿರಾ? ಒಂದೇ ಒಂದು ಕ್ಷಣ ಅನ್ನಿಸಿತಾ? ಕಾಲೇಜಿನಲ್ಲಿ ನಮ್ಮ ಲೆಕ್ಚರರ್ ನಿಮ್ಮ ಹೆಸರು ಹೇಳಿ, "ಇವರ ಸೆಟ್‌ನಲ್ಲಿ ಸುಳ್ಳು ಎಲ್ಲಿದೆ ಹುಡುಕಿ" ಅಂತ ಅಸೈನ್‌ಮೆಂಟ್ ಕೊಡ್ತಾರೆ. ನಾನು ನಿಮ್ಮ ಮಗಳು ಅಂತ ಅಲ್ಲಿ ಯಾರಿಗೂ ಹೇಳಿಲ್ಲ. ನಾಲ್ಕು ಹುಡುಕಿದೆ, ಉಳಿದವರು ಒಂದೂ ಹುಡುಕಲಿಲ್ಲ. ಆವತ್ತು ನನಗೆ ಹೆಮ್ಮೆ ಆಗಿತ್ತು.

ಹೊಟ್ಟೆ ತುಂಬಾ ತಿನ್ನೋಕೆ ಟ್ರೈ ಮಾಡ್ತಿದ್ದೀನಿ.

ನಿಮ್ಮ
ಸೂಜಿ


ಭಾನುವಾರ, ಮಾರ್ಚ್ ೧೬

ಅಪ್ಪನಿಗೆ ನಮಸ್ಕಾರ.

ಶನಿವಾರ ಸಂಜೆಯ ವ್ಯಾನ್‌ಗೆ ಕಾಗದ ಹಾಕಲಾಗಲಿಲ್ಲ. ಡ್ರೈವರ್ ಹಾರ್ನ್ ಹೊಡೆದು ಹೊಡೆದು ಹೋದರು. ನನಗಿಂತ ಮೊದಲು ಮ್ಯಾನೇಜರ್ ಚೀಟಿ ನಿಮಗೆ ಸಿಕ್ಕಿರುತ್ತೆ, ಅದರಲ್ಲಿ ನನ್ನ ಬಗ್ಗೆ ಏನಿದೆ ಅಂತ ಊಹೆ ಮಾಡಬಲ್ಲೆ. ಅದೆಲ್ಲ ನಿಜ. ಆದರೆ ನಡೆದದ್ದು ಹೀಗೆ.

ಶುಕ್ರವಾರ ಮಾಮ ಬರೆದು ಮುಗಿಸಿದರು, ನಿಜವಾದ ಪೆನ್ಸಿಲ್‌ನಲ್ಲೇ. ನೀರಿಗೆ ಹೋಗಬಾರದು ಅಂತ. ಒಂಬತ್ತು ಸಾಲು. ಬರೆದು, ಮೊಣಕೈಯಿಂದ ಸ್ವಲ್ಪ ಸವರಿ, ಬಾಗಿಲನ್ನು ನೂರು ಸಲ ಹಾಕಿ ತೆಗೆದ ಹಾಗೆ ಧೂಳು ಕೂರಿಸಿದರು. ನಾನು ನೋಡುತ್ತಾ ನಿಂತಿದ್ದೆ. ಅದೂ ನಿಜ.

ಶನಿವಾರ ಹತ್ತಕ್ಕೆ ಐದು ನಿಮಿಷ ಇರುವಾಗಲೇ ಸರ್ವೇಯರ್ ಸರ್ ಬಂದರು. ಇಸ್ತ್ರಿ ಮಾಡಿದ ಅಂಗಿ, ಗಡ್ಡ ನುಣ್ಣಗೆ ತೆಗೆದಿದ್ದರು. ಮನೆಯೊಳಗೆ ಅತಿಥಿ ಥರ ಚಪ್ಪಲಿ ಬಿಟ್ಟು ಬಂದರು. ಕೋಣೆ ಕೋಣೆ ನೋಡಿದರು. ಗಡಿಯಾರ ಎರಡು ಬೆರಳು ಎಡಕ್ಕಿದೆ ಅಂದರು, ಮಾಮ ಫೋಟೋ ತೋರಿಸಿದರು. "ಹೌದೇ? ಹಾಗಾದರೆ ಇಷ್ಟು ವರ್ಷ ನಾನೇ ಸೊಟ್ಟ ಹಾಕಿದ್ದೆ" ಅಂತ ನಕ್ಕರು. ಮ್ಯಾನೇಜರ್ ಕೂಡ ನಕ್ಕರು, ಅಗತ್ಯಕ್ಕಿಂತ ಜಾಸ್ತಿ.

ಅಡುಗೆಮನೆಗೆ ಬಂದು ಅವರು ನೇರವಾಗಿ ಬಾಗಿಲು ಎಳೆದರು. ಅವರು ಓದಿದರು. ಮೇಲಿಂದ ಕೆಳಗೆ, ನಿಧಾನವಾಗಿ. ಮುಖದಲ್ಲಿ ಏನೂ ಬದಲಾಗಲಿಲ್ಲ, ಸ್ವಲ್ಪ ಮೆತ್ತಗಾಯ್ತು ಅಷ್ಟೆ.

"ನೋಡಿದ್ರಾ ಇದನ್ನ?" ಅಂತ ನಮ್ಮ ಕಡೆ ತಿರುಗಿದರು. "ನಿಮ್ಮವರು ಬಣ್ಣಗಿಣ್ಣ ಬಳಿದುಬಿಡ್ತಾರೇನೋ ಅಂತ ತಂಗಿ ಮನೆಯಲ್ಲಿ ನನಗೆ ನಿದ್ದೆ ಬಂದಿಲ್ಲ. ಹೇಳೋಕೆ ನಾಚಿಕೆ ಆಗಿ ಹೇಳಿರಲಿಲ್ಲ. ಇದು ನೋಡಿ, ‘ನಿಮ್ಮ ತಂಗಿಗೆ ಬರಬೇಡ ಅನ್ನಿ.’ ಇದನ್ನ ಬರೆದಾಗ ನನ್ನ ತಂಗಿ ಬಾಗಿಲ ಆಚೆ ಕಡೆಗೇ ನಿಂತಿದ್ದಳು. ಇವಳು ಈಚೆ ಬರೀತಾಳೆ, ಅವಳು ಆಚೆಯಿಂದ ‘ಅತ್ತಿಗೆ, ಬಾಗಿಲು ತೆಗೀರಿ’ ಅಂತಾಳೆ. ನಾನು ನಡುವೆ ಚಿಲಕ ಹಿಡಿದುಕೊಂಡು ನಿಂತಿದ್ದೆ."

ಮಾಮ ನಕ್ಕರು. ನಗಲೇಬೇಕಿತ್ತು.

"ನಿಮ್ಮ ತಂದೆ ಮಾತು ಉಳಿಸಿಕೊಂಡರು ಕಣಮ್ಮ. ಹೇಳು ಅವರಿಗೆ" ಅಂದರು ನನಗೆ. ಮ್ಯಾನೇಜರ್ ಮುಂದಿನ ತಿಂಗಳ ಒಪ್ಪಂದದ ಕಾಗದ ಚಾಚಿದರು, ಅವರು ಸಹಿ ಹಾಕೋಕೆ ಪೆನ್ ತೆಗೆದರು. ಎಲ್ಲ ಮುಗಿದಿತ್ತು ಅಪ್ಪ. ನಾನು ಬ್ಯಾಗ್ ಎತ್ತಿಕೊಂಡರೆ ಸಾಕಿತ್ತು. ಆಗ ಅವರು, "ಒಂದ್ನಿಮಿಷ. ಇದನ್ನ ದಿನಕ್ಕೊಂದು ಸಲ ಮುಟ್ಟದಿದ್ದರೆ ಟೀ ಕುಡಿದ ಹಾಗಾಗಲ್ಲ" ಅಂತ ಹೆಬ್ಬೆರಳನ್ನ ‘ಸಿಟ್ಟಲ್ಲ, ನೋವು’ ಅನ್ನೋದರ ಮೇಲೆ ಇಟ್ಟರು.

"ಸರ್, ಮುಟ್ಟಬೇಡಿ. ಅದು ಅವರದ್ದಲ್ಲ" ಅಂದೆ.

ಹೇಗೆ ಬಾಯಿಗೆ ಬಂತೋ ಗೊತ್ತಿಲ್ಲ. ಒಂದು ಸಲ ಬಂದ ಮೇಲೆ ಎಲ್ಲ ಬಂತು. ಫೋಟೋ, ರಬ್ಬರ್, ಡಬ್ಬಿಗಳು, ಒಂಬತ್ತೇ ನೆನಪಿದ್ದದ್ದು. ಇಂಗ್ಲಿಷ್‌ನಲ್ಲೂ ಕನ್ನಡದಲ್ಲೂ ಕಲಸಿ ಹೇಳಿದೆ. ನಿಮ್ಮ ಹೆಸರು ಎಳೆಯಲಿಲ್ಲ. ನಾನೇ ಅಳಿಸಿದೆ, ನಾನೇ ಬರೆಸಿದೆ ಅಂದೆ. ಮಾಮ ನೆಲ ನೋಡುತ್ತಾ ನಿಂತಿದ್ದರು.

ಸರ್ವೇಯರ್ ಸರ್ ಬೆರಳು ತೆಗೆದರು. ಬೆರಳಿನ ತುದಿ ನೋಡಿಕೊಂಡರು. ಆಮೇಲೆ ಮತ್ತೆ ಗೋಡೆ ಓದಿದರು, ಈ ಸಲ ಬಹಳ ಹೊತ್ತು, ಎಲ್ಲೋ ಒಂದು ಕಡೆ ತಪ್ಪು ಸಿಕ್ಕೀತು ಅನ್ನೋ ಹಾಗೆ. ಸಿಗಲಿಲ್ಲ ಅಂತ ಕಾಣುತ್ತೆ.

"ನಲವತ್ತು ವರ್ಷ ಗದ್ದೆ ಅಳೆದಿದ್ದೀನಿ. ಒಂದು ಕಲ್ಲು ಒಂದು ಗೇಣು ಸರಿಸಿದ್ದರೆ ಹೇಳ್ತಿದ್ದೆ. ಇಲ್ಲಿ ಸಾಲು ಕಮ್ಮಿ ಇರೋದೂ ಗೊತ್ತಾಗಲಿಲ್ಲವಲ್ಲ ನನಗೆ" ಅಂದರು. ನನಗೆ ಅಂದದ್ದಲ್ಲ. ಯಾರಿಗೂ ಅಂದದ್ದಲ್ಲ.

ನಾನು ಸಾರಿ ಸರ್ ಅಂದೆ.

"ಸಾರಿ ಇರಲಿ. ಯಾಕೆ ಹೇಳಿದೆ? ಹೇಳದೆ ಹೋಗಿದ್ದರೆ ನನಗೇನು ನಷ್ಟ ಆಗ್ತಿತ್ತು? ನಾನು ದಿನಾ ಬಂದು ಮುಟ್ಟುತ್ತಿದ್ದೆ, ಸಾಯೋವರೆಗೂ ಮುಟ್ಟುತ್ತಿದ್ದೆ. ನಿನ್ನ ಮನಸ್ಸು ಹಗುರ ಆಗಲಿ ಅಂತ ನನ್ನ ಮೇಲೆ ಹೊರಿಸಿದೆಯಾ?"

ಅವರು ಮ್ಯಾನೇಜರ್ ಕಾಗದವನ್ನು ಮಡಿಸಿ ವಾಪಸ್ ಕೊಟ್ಟರು. ಇನ್ನು ಈ ಮನೆಯಲ್ಲಿ ಶೂಟಿಂಗ್ ಬೇಡ ಅಂದರು. ಆಮೇಲೆ ನನ್ನ ಕಡೆ ನೋಡಿ, "ಅಳಿಸೋಕೆ ಬರುತ್ತಲ್ಲ ನಿನಗೆ? ಅಳಿಸು ಇದನ್ನ" ಅಂದರು.

ಅಳಿಸಿದೆ ಅಪ್ಪ. ಅವರು ಸ್ಟೂಲ್ ಹಾಕಿಕೊಂಡು ಪಕ್ಕದಲ್ಲೇ ಕೂತಿದ್ದರು. ಒಂದೊಂದು ಸಾಲಿಗೆ ರಬ್ಬರ್ ಇಡುವಾಗಲೂ ಅದನ್ನು ಮೆಲ್ಲಗೆ ಓದಿದರು. ಗಡ್ಡ ತೆಗೀರಿ. ರೇಡಿಯೋ ಸಣ್ಣಗೆ. ಮುಗಿಯುವ ಹೊತ್ತಿಗೆ ನನಗೆ ಮರೆತುಹೋಗಿದ್ದ ಒಂದು ಸಾಲು ಅವರಿಗೆ ನೆನಪಾಯ್ತು, ‘ಬೆಳಕಿರುವಾಗಲೇ ಬನ್ನಿ.’ ಅದೇ ಹೌದು ಅಂದೆ. ಅದು ಬಲಗಡೆ, ಚಿಲಕದ ಎತ್ತರಕ್ಕೆ ಇತ್ತು ಅಂದೆ. ಅವರು ಆ ಜಾಗ ನೋಡಿದರು. ಮೊಳೆಯ ಮೇಲಿನ ದಾರ ಮಾತ್ರ ಬಿಡು ಅಂದರು.

ಮ್ಯಾನೇಜರ್ ಹೊರಗೆ ವರಾಂಡದಲ್ಲಿ ಹೇಳಿದ್ದನ್ನೆಲ್ಲ ಬರೆಯೋದಿಲ್ಲ. ಟ್ರೈನಿಂಗ್ ಸರ್ಟಿಫಿಕೇಟ್ ಆಸೆ ಬಿಡು ಅನ್ನೋದು ಅದರಲ್ಲಿ ಮೆತ್ತಗಿನ ಮಾತು. ಮಾಮ ನನ್ನ ಜೊತೆ ಮಾತಾಡಿಲ್ಲ. ಬೆಳಗ್ಗೆ ಒಂದು ಲೋಟ ಟೀ ತಂದು ಪಕ್ಕದಲ್ಲಿಟ್ಟು ಹೋದರು.

ಈಗ ನೀವು ಆ ಮನೆಯನ್ನು ಕಟ್ಟಬೇಕು. ಎರಡು ವಾರದಲ್ಲಿ, ಆ ಮಂಡಿಯಲ್ಲಿ. ನನ್ನಿಂದ. ಅದಕ್ಕೇ ಸರ್ವೇಯರ್ ಸರ್ ನಮ್ಮನ್ನು ಕಳಿಸಿ ಬಾಗಿಲು ಹಾಕುವ ಮುಂಚೆ, ಅಳತೆ ತಗೊಳ್ಳಲಾ ಅಂತ ಕೇಳಿದೆ. ಅವರು ಹೂಂ ಅನ್ನಲಿಲ್ಲ, ಊಹೂಂ ಅನ್ನಲಿಲ್ಲ. ನಾನು ಟೇಪಿನ ಒಂದು ತುದಿಗೆ ಡಬ್ಬಿ ಇಟ್ಟು ಇನ್ನೊಂದು ಕಡೆ ಓಡ್ತಿದ್ದೆ. ಹತ್ತು ನಿಮಿಷ ನೋಡಿದರು, ತಡೆಯೋಕೆ ಆಗಲಿಲ್ಲ. "ಜೋತಾಡ್ತಿದೆ. ಹೀಗೆ ಅಳೆದರೆ ನಿಮ್ಮಪ್ಪ ಕಟ್ಟೋ ಮನೆ ಬಾಳೆಹಣ್ಣಾಗುತ್ತೆ" ಅಂತ ಎದ್ದು ಬಂದು ಆ ತುದಿ ಹಿಡಿದರು. ಹಾಲ್, ಅಡುಗೆಮನೆ, ಪಡಸಾಲೆ ಎಲ್ಲ ಅಳೆದೆವು. ಬೇರೇನೂ ಮಾತಾಡಲಿಲ್ಲ, ಅಂಕಿಗಳನ್ನಷ್ಟೇ. ಅಡುಗೆಮನೆಯ ಮೂಲೆ ಲಂಬಕೋನ ಅಲ್ಲ, ಅರ್ಧ ಇಂಚು ತಿರುಗಿದೆ ಅಂತ ಅವರೇ ತೋರಿಸಿದರು. ಎಲ್ಲವನ್ನೂ ಈ ಕಾಗದದ ಜೊತೆ ಇಟ್ಟಿದ್ದೇನೆ, ಎರಡು ಸಲ ಚೆಕ್ ಮಾಡಿದ್ದೇನೆ. ಈ ಸಲ ಬಾಗಿಲು ಹಾಕಿಯೂ ಅಳೆದಿದ್ದೇನೆ.

ನೀವು ಸಿಟ್ಟಾಗಿದ್ದರೆ ಆಗಿರಿ. ಆದರೆ ಮಂಡಿಗೆ ಪಟ್ಟಿ ಕಟ್ಟಿ, ಏಣಿ ನೀವೇ ಹತ್ತಬೇಡಿ, ನಾನು ಬಂದು ಹತ್ತುತ್ತೇನೆ. ದೊಡ್ಡವರು ಚಿಕ್ಕವರಿಗೆ ಹರಸೋದು ರೂಢಿ. ಈ ಸಲ ನಾನೇ ನಿಮಗೆ ಹಾರೈಸಿ ಮುಗಿಸ್ತೀನಿ. ನೀವು ಕಟ್ಟುವ ಮನೆ ಚೆನ್ನಾಗಿ ನಿಲ್ಲಲಿ.

ನಿಮ್ಮ
ಸೂಜಿ

ತಾ.ಕ.: ಸರ್ವೇಯರ್ ಸರ್ ಪ್ರಶ್ನೆಗೆ ನನ್ನ ಹತ್ತಿರ ಉತ್ತರ ಇತ್ತು. ಅದು ಅವರಿಗೆ ಹೇಳುವಂಥದ್ದಲ್ಲ, ಅದಕ್ಕೇ ಸುಮ್ಮನಿದ್ದೆ. ನಿಮಗೆ ಹೇಳ್ತೀನಿ.

ಅಮ್ಮ ಹೋದದ್ದು ನಾನು ನಾಲ್ಕನೇ ಕ್ಲಾಸಿನಲ್ಲಿದ್ದಾಗ, ಫೆಬ್ರವರಿ ಮೂರಕ್ಕೆ. ನನಗೆ ತಿಳಿಸಿದ್ದು ಮಾರ್ಚ್‌ನಲ್ಲಿ, ಪರೀಕ್ಷೆ ಮುಗಿದ ಮೇಲೆ. ನಡುವೆ ನಾಲ್ಕು ಭಾನುವಾರ ಹಾಸ್ಟೆಲ್‌ಗೆ ಅಮ್ಮನ ಕಾಗದ ಬಂತು. ಹತ್ತನೇ ಕ್ಲಾಸಿನ ರಜೆಯಲ್ಲಿ ನಿಮ್ಮ ಗೋಡೌನ್‌ನಲ್ಲಿ ಬ್ರಷ್ ಹುಡುಕುವಾಗ ಒಂದು ಫೈಲು ಸಿಕ್ಕಿತು. ಒಂದೇ ಹಾಳೆಯಲ್ಲಿ ‘ಸೂಜಿ, ಚೆನ್ನಾಗಿದ್ದೀಯಾ’ ಅಂತ ಇಪ್ಪತ್ತು ಸಲ. ಮೇಲಿನ ಸಾಲುಗಳಲ್ಲಿ ಅಕ್ಷರ ದಪ್ಪ, ಗುಂಡಗೆ. ಕೆಳಗೆ ಬರ್ತಾ ಬರ್ತಾ ಅಮ್ಮ ಆಗಿಬಿಟ್ಟಿದ್ದಾಳೆ. ಹಾಳೆಯನ್ನು ಇದ್ದ ಹಾಗೇ ಇಟ್ಟು ಬಂದೆ. ನೀವು ಕಲಿಸಿದ ಹಾಗೆ, ಯಾರೂ ಮುಟ್ಟಿಲ್ಲ ಅನ್ನೋ ಥರ.

ನನ್ನ ಒಳ್ಳೆಯದಕ್ಕೇ ಮಾಡಿಸಿದಿರಿ, ಗೊತ್ತು. ಆ ಪರೀಕ್ಷೆಯಲ್ಲಿ ಫಸ್ಟ್ ಬಂದೆ. ಆದರೆ ಅಪ್ಪ, ಆ ನಾಲ್ಕನ್ನು ಬೇರೆ ಇಟ್ಟರೂ ಉಳಿದವನ್ನು ಓದೋಕಾಗಲ್ಲ. ಜನವರಿಯಲ್ಲೇ ಅಮ್ಮನ ಕೈ ಏಳುತ್ತಿರಲಿಲ್ಲವಂತೆ. ಹಾಗಾದರೆ ಜನವರಿಯವು ಯಾರವು? ಡಿಸೆಂಬರ್‌ನವು? ಎಷ್ಟು ನೋಡಿದರೂ ಎಲ್ಲಿ ಅಮ್ಮ, ಎಲ್ಲಿ ಮಾಮ ಅಂತ ಗೊತ್ತಾಗೋದಿಲ್ಲ. ಸರ್ವೇಯರ್ ಸರ್‌ಗೆ ಆಗ್ತಿದ್ದ ನಷ್ಟ ಇದೇ.

ಆ ನಾಲ್ಕು ಕಾಗದಕ್ಕೂ ನಾನು ಉತ್ತರ ಬರೆದಿದ್ದೆ, ಕವರ್ ಮೇಲೆ ‘ಅಮ್ಮನಿಗೆ ಮಾತ್ರ’ ಅಂತ. ಮೂರನೆಯದರಲ್ಲಿ, ಈ ಭಾನುವಾರವೂ ನೀನು ಬರದಿದ್ದರೆ ನಿನ್ನ ಜೊತೆ ಯಾವತ್ತೂ ಮಾತಾಡಲ್ಲ ಅಂತ ಬರೆದಿದ್ದೆ. ಅವು ಎಲ್ಲಿವೆ? ಒಡೆದು ಓದಿದ್ದು ನೀವಾ, ಮಾಮನಾ? ಯಾರೂ ಒಡೆಯದೆ ಇಟ್ಟಿದ್ದರೆ, ಒಡೆಯದೆಯೇ ನನಗೆ ವಾಪಸ್ ಕಳಿಸಿ.